ಮುನ್ಸಿಪಾಲಿಟಿ ಎಂಬ ಪಠ್ಯ

ಸಂಪಾದಕರು ಈ ಸಂಚಿಕೆಗೆ ಕೇಳಿದ್ದು ಕಾವ್ಯದ ಬಗ್ಗೆ ಒಂದು ಲೇಖನ. ನಾನೂ ಹೂಂ ಅಂದಿದ್ದೆ. ಬರೆಯಲು ಕೂತರೆ ಕೈಗೆ ಬಂದದ್ದು ಮುನ್ಸಿಪಾಲಿಟಿ. ದಲಿತ ವಿಮರ್ಶೆಗೂ ನಗರಸಭೆಯ ಕಾಯ್ದೆಗೂ ಏನು ಸಂಬಂಧ ಎಂದು ಹುಬ್ಬೇರಿಸುವವರಿಗೆ ಮೊದಲೇ ಒಂದು ಮಾತು ಹೇಳಿಬಿಡುತ್ತೇನೆ.

1973ರ ನವೆಂಬರ್‌ನಲ್ಲಿ ಮೈಸೂರಿನ ಒಂದು ಸಭೆಯಲ್ಲಿ ಬಿ. ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದ ಬಹುಪಾಲು ಬೂಸಾ ಅಂದರು. ಊರೂರಲ್ಲಿ ಗಲಭೆ ಎದ್ದಿತು, ದಲಿತ ವಿದ್ಯಾರ್ಥಿಗಳ ಮೇಲೆ ಹಲ್ಲೆಗಳಾದವು, ಬಸವಲಿಂಗಪ್ಪನವರು ಕೊನೆಗೆ ಮಂತ್ರಿ ಪದವಿ ಬಿಡಬೇಕಾಯಿತು. ನಮ್ಮ ವಿಮರ್ಶೆ ಆ ಒಂದು ಶಬ್ದವನ್ನು ಐವತ್ತು ವರ್ಷಗಳಿಂದ ಮೆಲುಕು ಹಾಕುತ್ತಲೇ ಇದೆ. ದಲಿತ ಸಾಹಿತ್ಯದ ಚರಿತ್ರೆ ಬರೆಯುವವರು ಅಲ್ಲಿಂದಲೇ ಶುರು ಮಾಡುತ್ತಾರೆ; ಅದು ಸರಿಯೇ. ಆದರೆ ಆ ಮಾತಾಡಿದಾತ ಆಗ ಯಾವ ಖಾತೆಯ ಮಂತ್ರಿಯಾಗಿದ್ದರು ಎಂದು ನಮ್ಮ ಎಂ.ಎ. ವಿದ್ಯಾರ್ಥಿಗಳನ್ನು ಕೇಳಿ ನೋಡಿ. ನಾನು ಕೇಳಿದ್ದೇನೆ. ಶಿಕ್ಷಣ ಅನ್ನುತ್ತಾರೆ, ಸಮಾಜ ಕಲ್ಯಾಣ ಅನ್ನುತ್ತಾರೆ. ಅವರು ಪೌರಾಡಳಿತ ಮಂತ್ರಿಯಾಗಿದ್ದರು. ತಲೆಯ ಮೇಲೆ ಮಲ ಹೊರುವುದನ್ನು ಈ ರಾಜ್ಯದ ಮುನ್ಸಿಪಾಲಿಟಿಗಳಲ್ಲಿ ನಿಲ್ಲಿಸಬೇಕೆಂದು ಆದೇಶ ಹೊರಡಿಸಿದ ಮಂತ್ರಿ. ನಮಗೆ ಅವರ ಶಬ್ದ ನೆನಪಿದೆ, ಆದೇಶ ನೆನಪಿಲ್ಲ. ಯಾಕೆ ಹೀಗಾಯಿತು ಎನ್ನುವುದೇ ಈ ಲೇಖನದ ತಕರಾರು.

ನಾನು ಹುಟ್ಟಿದ್ದು ಹಳೆಯ ಮುಂಬಯಿ ಪ್ರಾಂತಕ್ಕೆ ಸೇರಿದ್ದ, ಈಗ ಉತ್ತರ ಕರ್ನಾಟಕ ಅನ್ನಿಸಿಕೊಳ್ಳುವ ಸೀಮೆಯ ಒಂದು ಊರಿನ ಮಾದರ ಓಣಿಯಲ್ಲಿ. ನಮ್ಮವ್ವ ಮುನ್ಸಿಪಾಲ್ಟಿಯಲ್ಲಿ ಕಸ ಹೊಡೆಯುವವಳು. ನಸುಕಿನ ಐದಕ್ಕೆ ಹಾಜರಿ. ಕಂದೀಲು ಹಿಡಿದು ಅವಳ ಹಿಂದೆ ನಾನೂ ಎಷ್ಟೋ ದಿನ ಹೋಗಿದ್ದೇನೆ. ಹಾಜರಿ ಕಟ್ಟೆಯ ಮೇಲೆ ಜಮಾದಾರ ಕುರ್ಚಿ ಹಾಕಿಕೊಂಡು ಕೂತಿರುತ್ತಿದ್ದ. ಹೆಸರು ಕೂಗಿದಾಗ ‘ಅದೀನ್ರೀ’ ಅನ್ನಬೇಕು. ಒಂದು ಗಳಿಗೆ ತಡವಾದರೆ ಗೈರು. ‘ಯಪ್ಪಾ, ಕೂಸಿಗೆ ಮೈಯಾಗ ಆರಾಮಿರಲಿಲ್ರೀ’ ಅಂದರೆ ಆತ ಮುಂದಿನ ಹೆಸರು ಕೂಗುತ್ತಿದ್ದ, ಅಷ್ಟೇ. ಜಮಾದಾರನ ಮೇಲೆ ಹೆಲ್ತ್ ಇನ್ಸ್‌ಪೆಕ್ಟರ್ ಸಾಹೇಬರು, ಅವರ ಮೇಲೆ ಚೀಫ್ ಆಫೀಸರು, ಆಮೇಲೆ ಅಧ್ಯಕ್ಷರು, ಮೆಂಬರುಗಳು. ಈ ಮೇಲಿನವರನ್ನೆಲ್ಲ ಅವ್ವ ತನ್ನ ಇಡೀ ನೌಕರಿಯಲ್ಲಿ ಹತ್ತಿರದಿಂದ ಕಂಡದ್ದು ಆಗಸ್ಟ್ ಹದಿನೈದರಂದು ಮಾತ್ರ. ಆವತ್ತು ಧ್ವಜ ಏರುವ ಮುಂಚೆ ಅಂಗಳ ಗುಡಿಸಬೇಕಿತ್ತಲ್ಲ.

ಸ್ಥಳೀಯ ಸ್ವಯಮಾಡಳಿತ ಎಂಬ ಶಬ್ದವನ್ನು ನಾನು ಓದಿದ್ದು ಬಹಳ ತಡವಾಗಿ, ಬಿ.ಎ. ತರಗತಿಯಲ್ಲಿ. ಪಠ್ಯಪುಸ್ತಕದಲ್ಲಿ ಅದು ಪ್ರಜಾಪ್ರಭುತ್ವದ ತೊಟ್ಟಿಲು ಅಂತಿತ್ತು. ನನಗೆ ನೆನಪಾದದ್ದು ಹಾಜರಿ ಕಟ್ಟೆ. ಮುನ್ಸಿಪಾಲಿಟಿಯ ಚರಿತ್ರೆಯನ್ನು ಮೇಲಿನಿಂದ ಬರೆದರೆ ಅದು ಕಾಯ್ದೆಗಳ, ಅಧ್ಯಕ್ಷರುಗಳ, ನಲ್ಲಿ ನೀರಿನ ಚರಿತ್ರೆಯಾಗುತ್ತದೆ. ಕಟ್ಟೆಯ ಕೆಳಗೆ ನಿಂತು ಬರೆದರೆ?

ಮೊದಲು ಕಾಯ್ದೆಗಳನ್ನೇ ನೋಡೋಣ. 1850ರ 26ನೇ ಕಾಯ್ದೆ ಬ್ರಿಟಿಷ್ ಇಂಡಿಯಾದ ಊರುಗಳಿಗೆ ಒಂದು ಆಯ್ಕೆ ಕೊಟ್ಟಿತು. ಊರಿನ ನಿವಾಸಿಗಳು ಬಯಸಿದರೆ ಅಲ್ಲಿ ಸಮಿತಿ ರಚಿಸಿ ತೆರಿಗೆ ಎತ್ತಿ ರಸ್ತೆ, ಚರಂಡಿ, ನೈರ್ಮಲ್ಯ ನೋಡಿಕೊಳ್ಳಬಹುದು. ನಿವಾಸಿಗಳು ಅಂದರೆ ಯಾರು ಎಂಬುದು ಹೇಳದೆಯೇ ಎಲ್ಲರಿಗೂ ಗೊತ್ತಿತ್ತು. ನಮ್ಮ ಸೀಮೆಯ ಹುಬ್ಬಳ್ಳಿಗೆ 1855ರಲ್ಲಿ, ಧಾರವಾಡಕ್ಕೆ 1856ರಲ್ಲಿ ಮುನ್ಸಿಪಾಲಿಟಿ ಬಂತು. ಆ ಕಡೆ ಮೈಸೂರು ಸೀಮೆಯಲ್ಲಿ 1862ರಲ್ಲಿ ಬೆಂಗಳೂರಿನ ಪೇಟೆಗೊಂದು, ದಂಡಿಗೊಂದು, ಹೀಗೆ ಎರಡು. ಮೊದಮೊದಲು ಕಲೆಕ್ಟರೇ ಯಜಮಾನ. 1882ರ ಮೇ ತಿಂಗಳಲ್ಲಿ ಲಾರ್ಡ್ ರಿಪ್ಪನ್ನನ ನಿರ್ಣಯ ಬಂದ ಮೇಲೆ ಚುನಾಯಿತ ಸದಸ್ಯರು ಬಂದರು, ಸರ್ಕಾರಿ ನೌಕರರಲ್ಲದವರು ಅಧ್ಯಕ್ಷರಾಗತೊಡಗಿದರು. ಭಾರತೀಯರು ಆಳುವುದನ್ನು ಕಲಿಯಲಿ ಎಂಬುದು ರಿಪ್ಪನ್ನನ ಆಶಯ. ಅವರು ಕಲಿತರು. ವಕೀಲರು, ವ್ಯಾಪಾರಸ್ಥರು, ಇನಾಮದಾರರು ಕಲಿತರು. ಮತ ಹಾಕುವ ಹಕ್ಕು ತೆರಿಗೆ ಕಟ್ಟುವವರಿಗೆ, ಆಸ್ತಿ ಇದ್ದವರಿಗೆ. ಊರನ್ನು ಗುಡಿಸುವವರು ತೆರಿಗೆ ಕಟ್ಟುವಷ್ಟು ಸಂಬಳ ಪಡೆಯುತ್ತಿರಲಿಲ್ಲವಾದ್ದರಿಂದ ಆ ಶಾಲೆಗೆ ಅವರ ದಾಖಲಾತಿ ಆಗಲಿಲ್ಲ.

ಇಲ್ಲಿ ನಾನು ಒಂದು ಊರಿಗೆ ಹೋಗಬೇಕು. ಅದು ಕನ್ನಡದ ಊರಲ್ಲ, ಕೊಂಕಣದ ಮಹಾಡ. ಆದರೆ ಮಹಾಡವೂ ನಮ್ಮೂರೂ ಅಂದು ಒಂದೇ ಮುಂಬಯಿ ಪ್ರಾಂತದಲ್ಲಿದ್ದವು, 1901ರ ಜಿಲ್ಲಾ ಮುನ್ಸಿಪಲ್ ಕಾಯ್ದೆ ಎರಡು ಸೀಮೆಗೂ ಒಂದೇ. ಆದ್ದರಿಂದ ಅಲ್ಲಿ ನಡೆದದ್ದು ನಮ್ಮ ಚರಿತ್ರೆಯೇ.

ಚೌದಾರ್ ಕೆರೆಯ ಸತ್ಯಾಗ್ರಹ ಎಂದರೆ ನಮಗೆ ನೆನಪಾಗುವುದು ಬಾಬಾಸಾಹೇಬರು ಬೊಗಸೆಯಲ್ಲಿ ನೀರು ಕುಡಿದ ಚಿತ್ರ. ಕ್ಯಾಲೆಂಡರಿನಲ್ಲಿದೆ, ಹಾಡುಗಳಲ್ಲಿದೆ. ಆ ಚಿತ್ರದ ಹಿಂದೆ ಒಂದು ಮುನ್ಸಿಪಾಲಿಟಿಯ ಠರಾವು ಪುಸ್ತಕ ಇದೆ ಎಂಬುದನ್ನು ನಾವು ಮರೆತಿದ್ದೇವೆ. 1923ರ ಆಗಸ್ಟ್ 4ರಂದು ಎಸ್.ಕೆ. ಬೋಳೆ ಅವರು ಮುಂಬಯಿ ವಿಧಾನ ಪರಿಷತ್ತಿನಲ್ಲಿ ಒಂದು ನಿರ್ಣಯ ಮಂಡಿಸಿದರು. ಸಾರ್ವಜನಿಕ ಹಣದಲ್ಲಿ ಕಟ್ಟಿದ, ಸರ್ಕಾರ ನೇಮಿಸಿದ ಸಂಸ್ಥೆಗಳು ನೋಡಿಕೊಳ್ಳುವ ಕೆರೆ, ಬಾವಿ, ಧರ್ಮಶಾಲೆ, ಹಾಗೆಯೇ ಶಾಲೆ, ಕಚೇರಿ, ಕೋರ್ಟು, ಆಸ್ಪತ್ರೆಗಳನ್ನು ಅಸ್ಪೃಶ್ಯರು ಬಳಸಬಹುದು ಎಂದು. ಪರಿಷತ್ತು ಒಪ್ಪಿತು, ಸರ್ಕಾರ ಸುತ್ತೋಲೆ ಹೊರಡಿಸಿತು. ಮಹಾಡ ಮುನ್ಸಿಪಾಲಿಟಿ 1924ರ ಜನವರಿಯಲ್ಲಿ ಠರಾವು ಪಾಸು ಮಾಡಿ ಕೆರೆಯನ್ನು ಎಲ್ಲರಿಗೂ ಮುಕ್ತ ಎಂದು ಸಾರಿತು.

ಸಾರಿತು ಅಷ್ಟೇ. ಮೂರು ವರ್ಷ ಒಬ್ಬ ಅಸ್ಪೃಶ್ಯನೂ ಆ ಕೆರೆಗೆ ಇಳಿಯಲಿಲ್ಲ, ಇಳಿಯಲಾಗಲಿಲ್ಲ. 1926ರಲ್ಲಿ ಬೋಳೆಯವರು ಮತ್ತೊಂದು ನಿರ್ಣಯ ತಂದರು: ಮೊದಲ ನಿರ್ಣಯ ಪಾಲಿಸದ ಮುನ್ಸಿಪಾಲಿಟಿಗಳ ಅನುದಾನ ತಡೆಹಿಡಿಯಿರಿ ಎಂದು. ಅದೂ ಕಾಗದದ ಮೇಲಿನ ಬೆದರಿಕೆಯಾಗಿಯೇ ಉಳಿಯಿತು. 1927ರ ಮಾರ್ಚ್ 20ರಂದು ಸಾವಿರಾರು ಜನ ನಡೆದು ಹೋಗಿ ನೀರು ಕುಡಿದರು. ಸವರ್ಣರು ಹೊಡೆದರು, ಆಮೇಲೆ ಕೆರೆಯನ್ನು ಸಗಣಿ, ಗಂಜಲ ಹಾಕಿ ಶುದ್ಧ ಮಾಡಿದರು. ಆದರೆ ನನ್ನನ್ನು ಹೆಚ್ಚು ಕಾಡುವುದು ಆ ಶುದ್ಧೀಕರಣವಲ್ಲ. ಅದೇ ವರ್ಷದ ಆಗಸ್ಟ್ 4ರಂದು, ಬೋಳೆಯವರ ನಿರ್ಣಯಕ್ಕೆ ಸರಿಯಾಗಿ ನಾಲ್ಕು ವರ್ಷ ತುಂಬಿದ ದಿನ, ಮಹಾಡ ಮುನ್ಸಿಪಾಲಿಟಿ ಸಭೆ ಸೇರಿ ತನ್ನ 1924ರ ಠರಾವನ್ನು ರದ್ದು ಮಾಡಿತು. ಸಭೆ ಸೇರಿ, ಮತ ಹಾಕಿ, ಪುಸ್ತಕದಲ್ಲಿ ಬರೆದು. ಎಲ್ಲ ಕಾನೂನುಬದ್ಧ. ಹೊಡೆದವರು ಬೀದಿಯ ಪುಂಡರು ಎಂದು ಬಿಟ್ಟುಬಿಡಬಹುದು. ರದ್ದು ಮಾಡಿದವರು ಊರಿನ ಗಣ್ಯರು. ರಿಪ್ಪನ್ನನ ಶಾಲೆಯಲ್ಲಿ ಕಲಿತವರು.

ಅದಾದ ಮೇಲೆಯೇ ಡಿಸೆಂಬರ್ 25ರಂದು ಮನುಸ್ಮೃತಿ ಸುಟ್ಟದ್ದು. ಈ ಎರಡು ಘಟನೆಗಳನ್ನು ನಾವು ಬೇರೆ ಬೇರೆಯಾಗಿ ಓದುತ್ತೇವೆ, ಒಂದು ನೀರಿನ ಹೋರಾಟ, ಇನ್ನೊಂದು ಶಾಸ್ತ್ರದ ಜೊತೆಗಿನ ಹೋರಾಟ ಎಂದು. ನನಗೆ ಹಾಗನ್ನಿಸುವುದಿಲ್ಲ. ಮುನ್ಸಿಪಾಲಿಟಿಯ ಠರಾವು ಮನುವಿನ ಮಾತನ್ನು ಆಧುನಿಕ ಭಾಷೆಯಲ್ಲಿ ಆಡಿದ್ದನ್ನು ಕಂಡ ಮೇಲೆ ಮೂಲ ಪ್ರತಿಗೇ ಬೆಂಕಿ ಇಡಬೇಕಾಯಿತು. ಬೆಂಕಿಯ ನಂತರವೂ ವ್ಯಾಜ್ಯ ಮುಂದುವರಿಯಿತು. ಕೆರೆ ಮುನ್ಸಿಪಾಲಿಟಿಯದೋ, ಸುತ್ತಲಿನ ಮನೆಯವರದೋ? ಅಸ್ಪೃಶ್ಯರನ್ನು ದೂರವಿಡುವ ರೂಢಿ ಅನಾದಿಯದೋ, ಅಲ್ಲವೋ? ಕೋರ್ಟುಗಳು ಹತ್ತು ವರ್ಷ ಇದನ್ನೇ ಅಗೆದವು. 1937ರ ಮಾರ್ಚ್ 17ರಂದು ಮುಂಬಯಿ ಹೈಕೋರ್ಟು ಅಸ್ಪೃಶ್ಯರ ಪರವಾಗಿ ತೀರ್ಪು ಕೊಟ್ಟಿತು. ಒಂದು ಬೊಗಸೆ ನೀರಿಗೆ ಹತ್ತು ವರ್ಷ.

ಹಳ್ಳಿ ಬಿಟ್ಟು ಪೇಟೆಗೆ ಹೋಗಿ ಎಂದು ಅಂಬೇಡ್ಕರ್ ನಮಗೆ ಹೇಳಿದರು. 1948ರ ನವೆಂಬರ್ 4ರಂದು ಸಂವಿಧಾನ ಸಭೆಯಲ್ಲಿ ಹಳ್ಳಿಯನ್ನು ಹೊಗಳುವವರ ಬಾಯಿ ಮುಚ್ಚಿಸಿದರು. ಆ ಮಾತನ್ನು ನಾನು ಈಗಲೂ ಒಪ್ಪುತ್ತೇನೆ. ನನ್ನಜ್ಜ ಹಳ್ಳಿಯಲ್ಲಿ ಸತ್ತ ದನ ಎಳೆಯುತ್ತಿದ್ದ, ಅವ್ವ ಪೇಟೆಯಲ್ಲಿ ಸಂಬಳದ ನೌಕರಿ ಹಿಡಿದಳು, ನಾನು ಓದಿದೆ. ಪೇಟೆ ಇಲ್ಲದಿದ್ದರೆ ಈ ಲೇಖನ ಇಲ್ಲ. ಆದರೆ ಪೇಟೆಗೂ ಒಂದು ಹೊಲಗೇರಿ ಬೇಕಿತ್ತು; ಅದನ್ನು ಅದು ಊರ ಹೊರಗೆ ಇಡುವ ಬದಲು ಕಾಯ್ದೆಯ ಒಳಗೆ ಇಟ್ಟುಕೊಂಡಿತು ಎಂಬುದನ್ನೂ ಹೇಳಲೇಬೇಕಲ್ಲ.

ಕಾಯ್ದೆಯ ಭಾಷೆಯನ್ನು ಕವಿತೆ ಓದುವ ಹಾಗೆ ಓದಿ ನೋಡಿ. ಪ್ರಾಂತಗಳ ಹಳೆಯ ಮುನ್ಸಿಪಲ್ ಕಾಯ್ದೆಗಳಿಂದ ಹಿಡಿದು ನಮ್ಮ 1964ರ ಕಾಯ್ದೆಯವರೆಗೆ ಒಂದು ಅಧ್ಯಾಯ ತಪ್ಪದೆ ಇರುತ್ತದೆ, ಮುನ್ಸಿಪಾಲಿಟಿಯ ಕರ್ತವ್ಯಗಳು ಎಂದು. ಬೀದಿ ಗುಡಿಸುವುದು, ಚರಂಡಿ ತೊಳೆಯುವುದು, ಹೊಲಸು ತೆಗೆಯುವುದು, ಎಲ್ಲ ಇವೆ. ಕನ್ನಡಕ್ಕೆ ಬಂದಾಗ ಇವು ‘ಶುಚಿಗೊಳಿಸತಕ್ಕದ್ದು’, ‘ತೆಗೆಸತಕ್ಕದ್ದು’ ಎಂಬ ಧಾಟಿ ಹಿಡಿಯುತ್ತವೆ. ಕನ್ನಡದ ‘ಇಸು’ ಪ್ರತ್ಯಯದ ಚಮತ್ಕಾರ ನೋಡಿ. ತೆಗೆ ಅಂದರೆ ಒಬ್ಬಳು ತೆಗೆಯಬೇಕು, ಅವಳ ಕೈ ಕಾಣುತ್ತದೆ, ಮೂಗು ಕಾಣುತ್ತದೆ. ತೆಗೆಸು ಅಂದ ಕೂಡಲೆ ಅವಳು ಮಾಯ. ಮಾಡಿಸುವವನು ಕರ್ತೃವಾಗಿ ಕೂತುಬಿಡುತ್ತಾನೆ. ಕೇಶಿರಾಜನಿಗೆ ಇದು ವ್ಯಾಕರಣ, ನಮಗೆ ಚರಿತ್ರೆ. ಮುನ್ಸಿಪಾಲಿಟಿಯ ಭಾಷೆ ಪೂರ್ತಿ ಇಂಥ ಪ್ರೇರಣಾರ್ಥಕ ಕ್ರಿಯಾಪದಗಳಲ್ಲಿ ನಡೆಯುತ್ತದೆ.

ಹಾಗಾದರೆ ಗುಡಿಸುವವರ ಹೆಸರು ಕಾಯ್ದೆಯಲ್ಲಿ ಬರುವುದೇ ಇಲ್ಲವೇ? ಬರುತ್ತದೆ, ಶಿಕ್ಷೆಯ ಜಾಗದಲ್ಲಿ. ಸಂಯುಕ್ತ ಪ್ರಾಂತದ 1916ರ ಮುನ್ಸಿಪಾಲಿಟಿ ಕಾಯ್ದೆಯಲ್ಲಿ, ಮನೆಗಳ ಕಕ್ಕಸು ತೆಗೆಯುವ ‘ರೂಢಿಯ ಹಕ್ಕು’ ಇರುವ ಜಾಡಮಾಲಿ ಆ ಕೆಲಸವನ್ನು ಸರಿಯಾಗಿ ಮಾಡದಿದ್ದರೆ ಮ್ಯಾಜಿಸ್ಟ್ರೇಟರು ದಂಡ ಹಾಕಬಹುದು ಎಂದಿತ್ತು. ಹಕ್ಕಂತೆ! ಮಲ ತೆಗೆಯುವುದು ಹಕ್ಕು, ತೆಗೆಯದಿದ್ದರೆ ಅಪರಾಧ. ಮಾಡದಿದ್ದರೆ ದಂಡ ಬೀಳುವ ಈ ‘ಹಕ್ಕ’ನ್ನು ಕಾನೂನಿನ ಯಾವ ವಿದ್ಯಾರ್ಥಿಯ ಮುಂದೆ ಇಟ್ಟರೂ ನಗುತ್ತಾನೆ. ಕೆಲವು ಪ್ರಾಂತಗಳಲ್ಲಿ ಜಾಡಮಾಲಿ ತನ್ನ ಕೆಲಸ ನಿರಾಕರಿಸುವುದನ್ನೇ ಕಾನೂನು ಅಪರಾಧ ಮಾಡಿದೆ ಎಂದು ಅಂಬೇಡ್ಕರ್ ಕಾಂಗ್ರೆಸ್ ಮತ್ತು ಗಾಂಧಿಯವರ ಬಗ್ಗೆ 1945ರಲ್ಲಿ ಬರೆದ ಪುಸ್ತಕದಲ್ಲಿ ಎತ್ತಿ ತೋರಿಸಿದರು. ಈ ಕೆಲಸದಲ್ಲಿ ಆಧ್ಯಾತ್ಮ ಕಾಣುತ್ತಿದ್ದವರು ಆ ಸಾಲನ್ನು ಯಾಕೆ ಓದಲಿಲ್ಲವೋ ಗೊತ್ತಿಲ್ಲ.

1956ರಲ್ಲಿ ಕನ್ನಡ ನಾಡು ಒಂದಾದಾಗ ಐದು ಸೀಮೆಗಳಿಂದ ಐದು ಬಗೆಯ ಮುನ್ಸಿಪಲ್ ಕಾನೂನುಗಳು ಬಂದು ಸೇರಿದವು: ಮೈಸೂರಿನದು, ಮುಂಬಯಿಯದು, ಮದರಾಸಿನದು, ಹೈದರಾಬಾದಿನದು, ಕೊಡಗಿನದು. ಏಕೀಕರಣದ ಬಗ್ಗೆ ನಮ್ಮ ಕವಿಗಳು ಬರೆದ ಪದ್ಯಗಳನ್ನು ಗುಡ್ಡೆ ಹಾಕಬಹುದು. ಐದು ಕಾನೂನುಗಳನ್ನು ಒಂದು ಮಾಡಲು ಎಂಟು ವರ್ಷ ಹಿಡಿಯಿತು, ಆ ಬಗ್ಗೆ ಯಾರೂ ಪದ್ಯ ಬರೆದಂತಿಲ್ಲ. 1964ರಲ್ಲಿ ಮುನ್ಸಿಪಾಲಿಟಿಗಳ ಕಾಯ್ದೆ ಪಾಸಾಗಿ ಮರುವರ್ಷ ಜಾರಿಗೆ ಬಂತು. ದೊಡ್ಡ ನಗರಗಳಿಗೆ 1976ರ ಮಹಾನಗರಪಾಲಿಕೆಗಳ ಕಾಯ್ದೆ.

ಈ ವ್ಯವಸ್ಥೆಯ ಅಟ್ಟಣಿಗೆಯನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಹತ್ತರಿಂದ ಇಪ್ಪತ್ತು ಸಾವಿರ ಜನರಿದ್ದರೆ ಪಟ್ಟಣ ಪಂಚಾಯಿತಿ, ಅಲ್ಲಿಂದ ಐವತ್ತು ಸಾವಿರದವರೆಗೆ ಪುರಸಭೆ, ಮೂರು ಲಕ್ಷದವರೆಗೆ ನಗರಸಭೆ, ಅದರ ಮೇಲೆ ಮಹಾನಗರಪಾಲಿಕೆ. ಪ್ರತಿಯೊಂದಕ್ಕೂ ವಾರ್ಡುಗಳಿಂದ ಆರಿಸಿ ಬಂದ ಸದಸ್ಯರು, ಅವರು ಆರಿಸುವ ಅಧ್ಯಕ್ಷರು ಅಥವಾ ಮೇಯರು, ಸ್ಥಾಯಿ ಸಮಿತಿಗಳು. ಇದು ಮುಂದಿನ ಬಾಗಿಲು. ಹಿತ್ತಲ ಬಾಗಿಲಲ್ಲಿ ರಾಜ್ಯ ಸರ್ಕಾರ ಕಳಿಸುವ ಮುಖ್ಯಾಧಿಕಾರಿ ಅಥವಾ ಪೌರಾಯುಕ್ತ. ಸಭೆಯ ಠರಾವು ಸರಿಯಿಲ್ಲ ಅನ್ನಿಸಿದರೆ ಅದನ್ನು ತಡೆಹಿಡಿಯುವ ಅಧಿಕಾರ ಜಿಲ್ಲಾಧಿಕಾರಿಗೆ. ಅದರ ಮೇಲೆ 1984ರಿಂದ ಪೌರಾಡಳಿತ ನಿರ್ದೇಶನಾಲಯ. ಸಭೆಯನ್ನೇ ವಿಸರ್ಜಿಸುವ ಅಧಿಕಾರ ಸರ್ಕಾರಕ್ಕೆ. ಹಣದ ಮಾತಂತೂ ಕೇಳಲೇಬೇಡಿ. ನಮ್ಮೂರಲ್ಲಿ ಜಕಾತಿ ನಾಕಾ ಇತ್ತು. ಊರೊಳಗೆ ಬರುವ ಚಕ್ಕಡಿ, ಲಾರಿಗಳಿಂದ ಎತ್ತಿದ ಜಕಾತಿಯಲ್ಲೇ ಮುನ್ಸಿಪಾಲಿಟಿ ನಡೆಯುತ್ತಿತ್ತು. 1979ರಲ್ಲಿ ಜಕಾತಿ ತೆಗೆದರು. ವ್ಯಾಪಾರಸ್ಥರಿಗೆ ಸುಖವಾಯಿತು. ಅಲ್ಲಿಂದ ಮುಂದೆ ಮುನ್ಸಿಪಾಲಿಟಿ ಬೆಂಗಳೂರಿನ ಅನುದಾನಕ್ಕೆ ಕೈಯೊಡ್ಡಿ ನಿಂತಿತು. ಒಂದು ಹುದ್ದೆ ತುಂಬಬೇಕಾದರೂ ಮೇಲಿನಿಂದ ಮಂಜೂರಾತಿ ಬರಬೇಕು. ಮಂಜೂರಾತಿ ಬರುವುದಿಲ್ಲ, ಕಸ ಮಾತ್ರ ದಿನಾ ಬೀಳುತ್ತದೆ. ಆಗ ದಿನಗೂಲಿ, ಆಮೇಲೆ ಗುತ್ತಿಗೆ. ನಮ್ಮ ಜನ ಕಾಯಂ ಆಗದಿರುವುದಕ್ಕೂ ಈ ಜಕಾತಿ ನಾಕಾಕ್ಕೂ ಸಂಬಂಧ ಇದೆ ಎಂಬುದು ನನಗೆ ಹೊಳೆಯಲು ಬಹಳ ವರ್ಷ ಬೇಕಾಯಿತು.

ಇನ್ನೊಂದು ವಿಷಯ. ಕಾಯ್ದೆಗಳು ಕರ್ತವ್ಯಗಳನ್ನು ಎರಡು ಪಟ್ಟಿ ಮಾಡುತ್ತವೆ. ಕಡ್ಡಾಯದ್ದು ಒಂದು, ವಿವೇಚನೆಗೆ ಬಿಟ್ಟದ್ದು ಇನ್ನೊಂದು. 1976ರ ಕಾಯ್ದೆಯಲ್ಲಿ ಬೀದಿ ಗುಡಿಸುವುದು, ಹೊಲಸು ಸಾಗಿಸುವುದು ಕಡ್ಡಾಯ. ಬಡವರಿಗೆ, ದುಡಿಯುವ ವರ್ಗಕ್ಕೆ ಮನೆ ಕಟ್ಟಿಸುವುದು ವಿವೇಚನೆ. ಗ್ರಂಥಾಲಯ, ವಸ್ತುಸಂಗ್ರಹಾಲಯದ ಸಾಲಿನಲ್ಲಿ ನಮ್ಮ ಮನೆ.

ಇಂಥ ಅಟ್ಟಣಿಗೆಯ ತುದಿಗೆ 1972ರಲ್ಲಿ ದೇವರಾಜ ಅರಸರ ಸಂಪುಟದಲ್ಲಿ ಒಬ್ಬ ದಲಿತ ಬಂದು ಕೂತರು. ಬಸವಲಿಂಗಪ್ಪನವರು ಆ ಖಾತೆಯನ್ನು ಬರಿ ಕುರ್ಚಿ ಎಂದು ತಿಳಿಯಲಿಲ್ಲ. ಎಲ್ಲ ಅಧಿಕಾರವೂ ಮೇಲಿನಿಂದ ಕೆಳಗೆ ಇಳಿಯುವಂತೆ ಕಟ್ಟಿದ ವ್ಯವಸ್ಥೆ ಇದು ತಾನೆ? ಹಾಗಾದರೆ ಒಂದು ಆದೇಶ ಮೇಲಿನಿಂದ ಇಳಿಯಲಿ ಎಂದರು. ಮಲ ಹೊರುವುದು ನಿಲ್ಲಬೇಕು. ಅದೇ ಕಾಲದಲ್ಲಿ ಅರಸು ಸರ್ಕಾರ ಜಾಡಮಾಲಿಗಳ ಬದುಕನ್ನು ಅಭ್ಯಾಸ ಮಾಡಲು ಐ.ಪಿ.ಡಿ. ಸಾಲಪ್ಪನವರ ಸಮಿತಿ ನೇಮಿಸಿತು. 1976ರ ಸಾಲಪ್ಪ ವರದಿ ಮನೆ, ಸಂಬಳ, ಸಲಕರಣೆ, ಮಕ್ಕಳ ಓದು ಎಲ್ಲದರ ಬಗ್ಗೆ ಮಾತಾಡಿತು. 500 ಜನಸಂಖ್ಯೆಗೆ ಒಬ್ಬರಂತೆ ಪೌರಕಾರ್ಮಿಕರು ಇರಬೇಕು ಎಂದಿತು. ಮುಂದೆ ಸರ್ಕಾರಗಳು ಆ 500ನ್ನು 700 ಮಾಡಿಕೊಂಡವು. ಅಂಕಿ ಬದಲಾಯಿಸಲು ಒಂದು ಕಡತ ಸಾಕು. ಅದು ಒಬ್ಬಳ ಬೆನ್ನಿನ ಮೇಲೆ ಇನ್ನೂ ಇನ್ನೂರು ಜನರ ಕಸ.

ಈಗ ಬೂಸಾ ಪ್ರಸಂಗಕ್ಕೆ ಬರೋಣ. ಮಲ ಹೊರಬೇಡಿ ಅಂದ ಮಂತ್ರಿಯ ಮೇಲೆ ಯಾರೂ ಬೀದಿಗಿಳಿಯಲಿಲ್ಲ. ನಿಮ್ಮ ಸಾಹಿತ್ಯ ದನದ ಮೇವು ಅಂದಾಗ ಇಳಿದರು. ಸಮಾಜಕ್ಕೆ ಎಲ್ಲಿ ನೋವಾಗುತ್ತದೆ ಎಂಬುದನ್ನು ಇದು ತೋರಿಸುತ್ತದೆ. ಇಷ್ಟನ್ನು ನಮ್ಮವರೂ ಹೇಳಿದ್ದಾರೆ. ನಾನು ಇನ್ನೊಂದು ಹೆಜ್ಜೆ ಮುಂದೆ ಹೋಗಿ ಹೇಳುವುದೇನೆಂದರೆ, ಎರಡೂ ಒಂದೇ ಮಾತು. ಪೌರಾಡಳಿತದ ಕಡತಗಳನ್ನು ದಿನಾ ಓದುತ್ತಿದ್ದ ಮನುಷ್ಯನಿಗೆ, ಊರಿನ ಹೊಲಸೆಲ್ಲ ಯಾರ ತಲೆಯ ಮೇಲೆ ಹೋಗುತ್ತದೆ ಎಂದು ಗೊತ್ತಿದ್ದ ಮನುಷ್ಯನಿಗೆ, ಅದರ ಒಂದು ಸಾಲೂ ಇಲ್ಲದ ಸಾಹಿತ್ಯ ಹೇಗೆ ಕಂಡಿರಬೇಕು? ‘ಬೂಸಾ’ ಎಂಬುದು ಸಾಹಿತ್ಯದ ತಜ್ಞನ ತೀರ್ಮಾನವಲ್ಲ, ಒಪ್ಪುತ್ತೇನೆ. ಪೌರಾಡಳಿತ ಮಂತ್ರಿಯ ತಪಾಸಣೆ ಅದು. ಆದರೆ ಅದಕ್ಕೆ ಉತ್ತರವಾಗಿ ಬಂದ ನಮ್ಮ ವಿಮರ್ಶೆ, ದಲಿತ ವಿಮರ್ಶೆಯೂ ಸೇರಿ, ಜಗಳವನ್ನು ಸಾಹಿತ್ಯದ ಅಂಗಳದಲ್ಲೇ ಇಟ್ಟುಕೊಂಡಿತು. ಯಾರು ಶ್ರೇಷ್ಠ, ಯಾರ ಭಾಷೆ ಶಿಷ್ಟ, ಯಾವ ಪ್ರತಿಮೆ ನಮ್ಮದು? ಈ ಪ್ರಶ್ನೆಗಳಲ್ಲಿ ಹುರುಳಿಲ್ಲ ಎನ್ನುತ್ತಿಲ್ಲ. ನಾನೂ ಅದರಲ್ಲಿ ಮುಳುಗಿ ಮೂರು ಪುಸ್ತಕ ಬರೆದವನೇ. ಆದರೆ ಆ ಹೊತ್ತಿನಲ್ಲಿ 500 ಎಂಬುದು 700 ಆದದ್ದನ್ನು ನಮ್ಮಲ್ಲಿ ಎಷ್ಟು ಜನ ವಿಮರ್ಶಕರು ಗಮನಿಸಿದೆವು?

ಮುಂದಿನದನ್ನು ಬೇಗ ಹೇಳಿಬಿಡುತ್ತೇನೆ, ಯಾಕೆಂದರೆ ಅದು ಎಲ್ಲರ ಕಣ್ಣೆದುರಿನದು. ಸಂವಿಧಾನದ 74ನೇ ತಿದ್ದುಪಡಿ 1993ರ ಜೂನ್ 1ರಿಂದ ಜಾರಿಗೆ ಬಂತು. ಜನಸಂಖ್ಯೆಗೆ ತಕ್ಕಂತೆ ಪರಿಶಿಷ್ಟರಿಗೆ ಸ್ಥಾನ, ಮಹಿಳೆಯರಿಗೆ ಮೂರನೇ ಒಂದು ಪಾಲು, ಅಧ್ಯಕ್ಷ ಸ್ಥಾನಕ್ಕೂ ಮೀಸಲಾತಿ. ಇದನ್ನು ನಾನು ಹಗುರವಾಗಿ ನೋಡುವವನಲ್ಲ. ಆಗಸ್ಟ್ ಹದಿನೈದಕ್ಕೆ ಅಂಗಳ ಗುಡಿಸಿದವರ ಮಗಳು ಧ್ವಜ ಏರಿಸುವುದು ಸಣ್ಣ ಮಾತಲ್ಲ. ನಮ್ಮೂರಲ್ಲಿ ಆಗಿದೆ. ಆದರೆ ಯಾವ ಊರಿನ ಅಧ್ಯಕ್ಷಗಿರಿ ಯಾರಿಗೆ ಎಂಬ ಪಟ್ಟಿ ಹೊರಡಿಸುವುದು ಸರ್ಕಾರ. ಪಟ್ಟಿ ಬಂದ ಕೂಡಲೆ ಕೋರ್ಟು. 2018ರ ಆಗಸ್ಟ್ ಕೊನೆಗೆ ಚುನಾವಣೆ ಗೆದ್ದ ಸದಸ್ಯರು ಅನೇಕ ಊರುಗಳಲ್ಲಿ ಅಧ್ಯಕ್ಷರಿಲ್ಲದೆ ಎರಡು ವರ್ಷ ಕಳೆದರು. ಅಷ್ಟು ದಿನ ಅಧಿಕಾರಿಗಳದೇ ಆಡಳಿತ. ಬೆಂಗಳೂರಿನ ಪಾಲಿಕೆಯ ಚುನಾಯಿತ ಸಭೆಯ ಅವಧಿ 2020ರ ಸೆಪ್ಟೆಂಬರಿಗೆ ಮುಗಿಯಿತು. ಮತ್ತೆ ಚುನಾವಣೆ ನಡೆಸದೆಯೇ 2025ರಲ್ಲಿ ಅದನ್ನು ಐದು ಪಾಲಿಕೆಗಳಾಗಿ ಒಡೆದರು. ಮೀಸಲಾತಿಯ ಬಾಗಿಲು ತೆರೆದ ಮೇಲೆ ಮನೆಯೇ ಖಾಲಿ ಇರುವುದು ಹೆಚ್ಚಾಯಿತಲ್ಲ ಎಂದು ಗೆಳೆಯರೊಬ್ಬರು ಅಂದರು. ಅಷ್ಟು ದೊಡ್ಡ ಹುನ್ನಾರ ಇದೆಯೆಂದು ನಾನು ನಂಬುವುದಿಲ್ಲ. ಆದರೂ ಆ ಮಾತು ಕಿವಿಯಲ್ಲಿ ಉಳಿದಿದೆ.

ಅಧ್ಯಕ್ಷ ಸ್ಥಾನಕ್ಕೆ ನಮ್ಮವರು ಬರತೊಡಗಿದ ಅದೇ ವರ್ಷಗಳಲ್ಲಿ ಕೆಳಗಿನ ನೌಕರಿ ಗುತ್ತಿಗೆಗೆ ಹೋಯಿತು. ಮುನ್ಸಿಪಾಲಿಟಿಗೂ ಗುಡಿಸುವವಳಿಗೂ ನಡುವೆ ಗುತ್ತಿಗೆದಾರ ಬಂದು ನಿಂತ. ಜಮಾದಾರನಾದರೂ ಹೆಸರು ಕೂಗುತ್ತಿದ್ದ. ಗುತ್ತಿಗೆದಾರನ ಲೆಕ್ಕದಲ್ಲಿ ಎಷ್ಟೋ ಹೆಸರುಗಳಿಗೆ ಮೈಯೇ ಇರಲಿಲ್ಲ, ಎಷ್ಟೋ ಮೈಗಳಿಗೆ ಹೆಸರಿರಲಿಲ್ಲ. ಬಹುಕಾಲ ಕಾದಾಡಿದ ಮೇಲೆ, 2017ರ ನಂತರ, ‘ನೇರ ಪಾವತಿ’ ಎಂಬುದು ಬಂತು. 2022ರ ಜುಲೈ ಮೊದಲ ದಿನಗಳಲ್ಲಿ ರಾಜ್ಯದ ಪೌರಕಾರ್ಮಿಕರು ಕಸಬರಿಗೆ ಕೆಳಗಿಟ್ಟರು. ಕಾಯಂ ಮಾಡುತ್ತೇವೆಂದು ಸರ್ಕಾರ ಒಪ್ಪಿತು. 2025ರ ಮೇ ದಿನ ಬೆಂಗಳೂರಿನಲ್ಲಿ ಹನ್ನೆರಡು ಸಾವಿರಕ್ಕೂ ಹೆಚ್ಚು ಜನರಿಗೆ ಕಾಯಂ ಆದೇಶ ಸಿಕ್ಕಿತು. ಅಷ್ಟೂ ಜನ ಅಲ್ಲಿಯವರೆಗೆ ಕಾಯಂ ಆಗಿರಲಿಲ್ಲ ಎಂಬುದನ್ನೂ ಆ ಸುದ್ದಿಯ ಒಳಗೇ ಓದಿಕೊಳ್ಳಬೇಕು.

ಸವಣೂರಿನ ಮಾತು ಹೇಳದೆ ಈ ಲೇಖನ ಮುಗಿಸಲಾರೆ. 2010ರ ಜುಲೈ 20ರಂದು ಹಾವೇರಿ ಜಿಲ್ಲೆಯ ಸವಣೂರಿನಲ್ಲಿ ಭಂಗಿ ಸಮುದಾಯದ ಕೆಲವರು ಪುರಸಭೆಯ ಕಚೇರಿಯ ಮುಂದೆ ಬಂದು ತಲೆಯ ಮೇಲೆ ಮಲ ಸುರಿದುಕೊಂಡರು. ತಲೆಮಾರುಗಳಿಂದ ತಾವಿದ್ದ ಜಾಗವನ್ನು ಬಿಡಿಸಿ ಅಲ್ಲಿ ವಾಣಿಜ್ಯ ಸಂಕೀರ್ಣ ಕಟ್ಟಲು ಹೊರಟಿದ್ದಾರೆ ಎಂಬುದು ಅವರ ದೂರು. ಪತ್ರಿಕೆಗಳಲ್ಲಿ ಚಿತ್ರ ಬಂತು, ಮಂತ್ರಿಗಳು ಓಡಿದರು, ಮಠಾಧೀಶರು ಮರುಗಿದರು. ಮಲ ಹೊರುವುದು ಈ ರಾಜ್ಯದಲ್ಲಿ ನಿಂತುಹೋಗಿದೆ ಎಂದು ಮೂವತ್ತೈದು ವರ್ಷಗಳಿಂದ ಹೇಳಿಕೊಂಡು ಬಂದಿದ್ದ ಸರ್ಕಾರಕ್ಕೆ ಆ ಬಕೀಟುಗಳು ಎಲ್ಲಿಂದ ಬಂದವೆಂದು ವಿವರಿಸುವುದು ಕಷ್ಟವಾಯಿತು. 1993ರಲ್ಲಿ ಕೇಂದ್ರದ ಕಾಯ್ದೆ ಬಂದಿತ್ತು. 2013ರಲ್ಲಿ ಇನ್ನೊಂದು ಬಂತು. ಎರಡನೆಯದರಲ್ಲಿ, ಎಲ್ಲೆಲ್ಲಿ ಇಂಥ ಕಕ್ಕಸುಗಳಿವೆ, ಯಾರು ತೆಗೆಯುತ್ತಿದ್ದಾರೆ ಎಂದು ಪಟ್ಟಿ ಮಾಡುವ ಹೊಣೆ ಸ್ಥಳೀಯ ಸಂಸ್ಥೆಗಳದು. ತೆಗೆಸಿದವರೇ ಲೆಕ್ಕ ಬರೆಯಬೇಕು. ‘ನಮ್ಮಲ್ಲಿ ಒಬ್ಬರೂ ಇಲ್ಲ’ ಎಂದು ಬರೆದ ಊರುಗಳ ಬಗ್ಗೆ ಯಾರಾದರೂ ಆಶ್ಚರ್ಯ ಪಟ್ಟರೆ ಆ ಆಶ್ಚರ್ಯದ ಬಗ್ಗೆ ನನಗೆ ಆಶ್ಚರ್ಯ.

ಸವಣೂರಿನವರು ಮಾಡಿದ್ದನ್ನು ನಾನು ಬಹಳ ದಿನ ಹತಾಶೆ ಎಂದುಕೊಂಡಿದ್ದೆ. ಈಗ ಹಾಗನ್ನಿಸುವುದಿಲ್ಲ. ಕಾಯ್ದೆಯ ‘ತೆಗೆಸು’ ಎಂಬ ಪದದ ಹಿಂದೆ ಕಾಣದೆ ಹೋಗಿದ್ದವರು, ಅದೇ ಪುರಸಭೆಯ ಬಾಗಿಲಿಗೆ ಬಂದು, ತೆಗೆದದ್ದು ಏನು, ಯಾರ ತಲೆ ಎಂಬುದನ್ನು ಊರಿಗೆ ತೋರಿಸಿದರು. ಮಹಾಡದಲ್ಲಿ ಮುನ್ಸಿಪಾಲಿಟಿಯ ನೀರನ್ನು ಬೊಗಸೆಯಲ್ಲಿ ಎತ್ತಿದವರು, ಸವಣೂರಿನಲ್ಲಿ ಮುನ್ಸಿಪಾಲಿಟಿಯ ಹೊಲಸನ್ನು ಮೈಮೇಲೆ ಸುರಿದುಕೊಂಡವರು. ನಡುವೆ 83 ವರ್ಷ.

ಅವ್ವ ತೀರಿಕೊಂಡ ಮೇಲೆ ಅವಳ ನೌಕರಿಯ ಕಾಗದ ಹುಡುಕಿಕೊಂಡು ನಾನು ನಮ್ಮೂರಿನ ಆ ಕಚೇರಿಗೆ ಹೋಗಿದ್ದೆ. ಮಸ್ಟರು ಪುಸ್ತಕಗಳು ಇಷ್ಟು ವರ್ಷಕ್ಕಿಂತ ಹಳೆಯವು ಇರುವುದಿಲ್ಲ ಸರ್, ನಾಶ ಮಾಡ್ತೀವಿ, ನಿಯಮ ಐತಿ ಅಂದರು. ಗುಮಾಸ್ತ ಒಳ್ಳೆಯ ಹುಡುಗ, ನನ್ನ ವಿದ್ಯಾರ್ಥಿಯ ತಮ್ಮನಂತೆ. ಬೇಸರ ಮಾಡಿಕೊಂಡು, ಠರಾವು ಪುಸ್ತಕ ಮಾತ್ರ ಕಾಯಂ ದಾಖಲೆ, ಬೇಕಾದರೆ ನೋಡ್ರಿ ಸರ್ ಎಂದು ಕಪಾಟಿನಿಂದ ತೆಗೆದು ಧೂಳು ಹೊಡೆದು ಕೊಟ್ಟ. ಅವ್ವ ಸೇರಿದ ವರ್ಷದ್ದನ್ನು ಹಾಳೆ ಹಾಳೆ ತಿರುವಿದೆ. ಮುದ್ದಾದ ಮೋಡಿ ಅಕ್ಷರದಂಥ ಓರೆ ಕನ್ನಡ. ಕಸಬರಿಗೆ ಖರೀದಿಗೆ ಟೆಂಡರು ಕರೆಯುವ ಬಗ್ಗೆ ಒಂದು ಠರಾವು ಇತ್ತು. ಬುಟ್ಟಿಗಳ ಬಗ್ಗೆ ಇನ್ನೊಂದು, ದರದ ಸಮೇತ. ಹುದ್ದೆ ತುಂಬಿದ ಬಗ್ಗೆಯೂ ಒಂದಿತ್ತು: ‘ಹೆಣ್ಣಾಳು, ಆರು’.

ಝೆರಾಕ್ಸ್ ಬೇಕೇನ್ರಿ ಸರ್ ಅಂದ. ಮಾಡಿಸಿಕೊಂಡು ಬಂದೆ.